ಹದಿನೈದನೇ ಫಾರಂ

ದಾರದಕ್ಕನ ಮನೆಗೆ ಮೊದಲ ಸಲ ಬಂದವರು ಕುರ್ಚಿಯಲ್ಲಿ ಕೂರುವುದಕ್ಕೆ ಮುಂಚೆಯೇ ಹುಬ್ಬೇರಿಸುತ್ತಾರೆ. ನಡುಮನೆಯ ಒಂದಿಡೀ ಗೋಡೆ ಪುಸ್ತಕದ್ದು. ಒಂದೊಂದೂ ಇಟ್ಟಿಗೆಯಷ್ಟು ದಪ್ಪ, ಬೆನ್ನಿನ ಮೇಲೆ ಬಂಗಾರದ ಅಕ್ಷರ. ಸಾವಯವ ರಸಾಯನಶಾಸ್ತ್ರ, ಬೀಜಗಣಿತ ಭಾಗ ಎರಡು, ಕರಾರು ಕಾಯಿದೆಯ ವ್ಯಾಖ್ಯಾನ, ವಿಶ್ವವಿದ್ಯಾಲಯದ ಇತಿಹಾಸದ ಮೂರು ಸಂಪುಟ. ಇಷ್ಟೆಲ್ಲ ಓದಿಕೊಂಡವರ ಮುಂದೆ ಏನು ಮಾತಾಡುವುದಪ್ಪ ಎಂದು ಬಂದವರು ಸ್ವಲ್ಪ ಹೊತ್ತು ಬಾಯಿ ಬಿಗಿಹಿಡಿದು ಕೂರುತ್ತಾರೆ. ಯಾರಾದರೂ ಧೈರ್ಯ ಮಾಡಿ ಒಂದನ್ನು ಇಳಿಸಿ ತೆರೆದರೋ, ಒಳಗೆ ಅಚ್ಚಿನ ಅಕ್ಷರ ಒಂದೂ ಇಲ್ಲ.

ಇದರಲ್ಲಿ ಮೋಸವೇನಿಲ್ಲ. ದಾರದಕ್ಕ ವಿಶ್ವವಿದ್ಯಾಲಯದ ಮುದ್ರಣಾಲಯದಲ್ಲಿ ಪುಸ್ತಕ ಹೊಲಿಯುವವಳು. ಮೂವತ್ತೊಂದು ವರ್ಷದಿಂದ ಅದೇ ಕೆಲಸ, ಈಗ ಬೈಂಡಿಂಗ್ ವಿಭಾಗಕ್ಕೆ ಅವಳೇ ಯಜಮಾನಿ. ಅಲ್ಲಿ ದೊಡ್ಡ ಪುಸ್ತಕ ಅಚ್ಚಿಗೆ ಹೋಗುವ ಮುಂಚೆ ಅದೇ ಕಾಗದ, ಅದೇ ಬಟ್ಟೆ, ಅದೇ ದಾರದಲ್ಲಿ ಒಂದು ಖಾಲಿ ಪುಸ್ತಕ ಕಟ್ಟಿ ನೋಡುತ್ತಾರೆ. ದಪ್ಪ ಎಷ್ಟು ಬರುತ್ತದೆ, ಬೆನ್ನು ಸರಿಯಾಗಿ ಬಾಗುತ್ತದೋ ಇಲ್ಲವೋ, ಬಂಗಾರದ ಅಕ್ಷರ ಎಲ್ಲಿ ಕೂರುತ್ತದೆ ಎಂದು ತಿಳಿಯಬೇಕಲ್ಲ. ಅದಕ್ಕೆ ಡಮ್ಮಿ ಎಂದು ಹೆಸರು. ಕೆಲಸ ಮುಗಿದ ಮೇಲೆ ಡಮ್ಮಿ ಕಟ್ಟಿದವರಿಗೇ ಸೇರುತ್ತದೆ. ಹಿಂದೆ ಅವಳ ಮಾವ ಹೆಡ್ ಬೈಂಡರ್ ಆಗಿದ್ದರು. ಅವರ ಕಾಲದ ಡಮ್ಮಿಗಳೆಲ್ಲ ಒಂದೊಂದಾಗಿ ಮನೆಗೆ ನಡೆದು ಬಂದು ಗೋಡೆ ಹಿಡಿದು ನಿಂತವು.

ಪೂರ್ತಿ ಖಾಲಿ ಎಂದರೆ ಅದೂ ತಪ್ಪು. ಅತ್ತೆ ಅದರಲ್ಲಿ ಬರೆಯುತ್ತಾರೆ. ಎಂಬತ್ತೆರಡು ವರ್ಷದ ಅತ್ತೆಗೆ ಬಾಯಲ್ಲಿ ಮಾತು ಕಡಿಮೆ, ಪೆನ್ಸಿಲ್ಲಿನಲ್ಲಿ ಜಾಸ್ತಿ. ಬೀಜಗಣಿತದೊಳಗೆ ಮಗನಿಗೆ ದಡಾರ ಎದ್ದದ್ದು, ಅವನು ಶಾಲೆಯ ಗೋಡೆ ಹಾರಿ ಹಲ್ಲು ಮುರಿದುಕೊಂಡದ್ದು. ರಸಾಯನಶಾಸ್ತ್ರದೊಳಗೆ ಮಾವನ ಕೆಮ್ಮು, ಎದುರುಮನೆಯ ಜಗಳ, ಆ ಜಗಳದಲ್ಲಿ ಯಾರದ್ದು ತಪ್ಪು ಎಂಬ ತೀರ್ಪು. ಇವನ್ನೆಲ್ಲ ಯಾರು ಬೇಕಾದರೂ ಓದಬಹುದಿತ್ತು, ಎಷ್ಟೋ ಜನ ಓದಿ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಾರೆ. ಇತಿಹಾಸದ ಮೂರನೇ ಸಂಪುಟವನ್ನು ಮಾತ್ರ ಯಾರೂ ಮುಟ್ಟುವಂತಿರಲಿಲ್ಲ. ನಾನಿರುವ ತನಕ ಅದನ್ನು ತೆಗೆಯಬೇಡಿ ಎಂದು ಅತ್ತೆ ಒಂದೇ ಒಂದು ಸಲ ಹೇಳಿದ್ದರು. ಅವರು ಒಂದು ಸಲ ಹೇಳಿದರೆ ಆ ಮನೆಯಲ್ಲಿ ಅದು ಕಾಯಿದೆ.

ಅದರೊಳಗೆ ಏನಿದೆಯೆಂದು ದಾರದಕ್ಕನಿಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದೆ ಎಂದು ಅವಳು ಅಂದುಕೊಂಡಿದ್ದಳು ಎನ್ನುವುದು ಹೆಚ್ಚು ಸರಿ. ಮೂರನೇ ಸಂಪುಟ ಹೊರಬಂದದ್ದು ಅವಳು ಸೊಸೆಯಾಗಿ ಬಂದ ತಿಂಗಳಲ್ಲೇ. ಅಂದ ಮೇಲೆ ಅದು ಅವಳ ಮೇಲಿನ ಪುಸ್ತಕವಲ್ಲದೆ ಇನ್ನೇನು? ಅವಳು ಸುಟ್ಟ ಪಾತ್ರೆ, ಒಡೆದ ಲೋಟ, ಎದುರುತ್ತರ ಕೊಟ್ಟ ದಿನ, ತವರಿಗೆ ಹೋಗಿ ಎರಡು ದಿನ ತಡವಾಗಿ ಬಂದದ್ದು, ಎಲ್ಲಕ್ಕೂ ತಾರೀಖು ಹಾಕಿ ಬರೆದಿಟ್ಟಿರಬೇಕು. ಹಾಗೆಂದು ಅತ್ತೆ ಬೈಯುವವರಲ್ಲ. ಬೈದಿದ್ದರೆ ದಾರದಕ್ಕನೂ ನಾಲ್ಕು ಮಾತು ತಿರುಗಿಸಿ ಹಗುರಾಗುತ್ತಿದ್ದಳು. ಅತ್ತೆ ತುಟಿಪಿಟಕ್ಕೆನ್ನದೆ ನೋಡುತ್ತಾರೆ, ಆಮೇಲೆ ಪೆನ್ಸಿಲ್ ಚೂಪು ಮಾಡುತ್ತಾರೆ. ಅದನ್ನು ತಡೆದುಕೊಳ್ಳುವುದು ಕಷ್ಟ.

ಅವಳಿಗೂ ಅತ್ತೆಯ ಮೇಲೆ ಒಂದು ಹಳೆಯ ಕೊರಗಿತ್ತು. ಅದನ್ನವಳು ಮುದ್ರಣಾಲಯದಲ್ಲಿ ಹೊಸದಾಗಿ ಸೇರಿದವರಿಗೆಲ್ಲ ತಮಾಷೆಯ ಕಥೆಯಾಗಿ ಹೇಳುತ್ತಿದ್ದಳು. ಅತ್ತೆಯೂ ಅಲ್ಲೇ ಇಪ್ಪತ್ತೆರಡು ವರ್ಷ ಹೊಲಿಗೆಯಲ್ಲಿದ್ದವರು. ಸೊಸೆ ಬರುವುದನ್ನೇ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾಯುತ್ತಿದ್ದರಂತೆ. "ನಾನು ಬಂದು ಹನ್ನೆರಡನೇ ದಿನ ಸೂಜಿ ನನ್ನ ಕೈಗಿಟ್ಟು, ಅವರು ಮನೇಲಿ ಮಹಾರಾಣಿ ಥರ ಕೂತ್ರು. ಇವತ್ತಿನ ತನಕ ಎದ್ದಿಲ್ಲ" ಎಂದು ಕೈಸನ್ನೆ ಸಮೇತ ಹೇಳಿದರೆ ನಗದವರೇ ಇರಲಿಲ್ಲ. ಮೂವತ್ತೊಂದು ವರ್ಷದಲ್ಲಿ ಆ ಕಥೆ ಸಾಕಷ್ಟು ಬೆಳೆದಿತ್ತು, ಹೊಸ ಹೊಸ ಅಲಂಕಾರ ಸೇರಿತ್ತು.

ಆ ಕಥೆಗೆ ಎರಡನೆಯ ಭಾಗವೂ ಇತ್ತು. ಮುದ್ರಣಾಲಯದಲ್ಲಿ ಒಂದು ಪದ್ಧತಿ. ಯಾವುದೇ ಪುಸ್ತಕದ ಮೊದಲ ಪ್ರತಿ ಬೈಂಡರ್ ಮನೆಗೆ ಹೋಗಿ ಒಂದು ದಿನ ಇರಬೇಕು, ಅದು ವಾಪಸ್ ಬಂದ ಮೇಲೆಯೇ ಉಳಿದವು ಹೊರಗೆ ಹೋಗಬೇಕು. ನಾಲ್ಕು ಜನರ ಕೈಯಲ್ಲಿ ತೆರೆದು ಮುಚ್ಚಿ ಬೆನ್ನು ಗಟ್ಟಿಯಿದೆಯೋ ನೋಡುವುದಕ್ಕೆ ಎಂದು ಎಲ್ಲರೂ ಹೇಳುತ್ತಿದ್ದರು. ಮನೆಗೆ ಬಂದ ಪುಸ್ತಕ ಮೊದಲು ಅತ್ತೆಯ ಮಡಿಲಿಗೆ. ಅವರು ಕಿಟಕಿಯ ಪಕ್ಕ ಕೂತು ಹದಿನಾರು ಹದಿನಾರು ಪುಟಕ್ಕೆ ಒಂದು ಸಲ ಹಾಳೆ ಸರಿಸುತ್ತಾ ಹೋಗುತ್ತಿದ್ದರು. ಓದುತ್ತಿರಲಿಲ್ಲ, ಬರೀ ಪುಟದ ಸಂಖ್ಯೆ ನೋಡುವುದು. ಆಮೇಲೆ ಎದ್ದು ಗೋಡೆಯ ಕಡೆ ಹೋಗಿ ಮೂರನೇ ಸಂಪುಟ ತೆಗೆದು ಏನೋ ಗೀಚಿ ಇಟ್ಟುಬಿಡುತ್ತಿದ್ದರು. ಚೆನ್ನಾಗಿದೆ ಎಂದಿಲ್ಲ, ಚೆನ್ನಾಗಿಲ್ಲ ಎಂದಿಲ್ಲ. "ನಮ್ಮತ್ತೆ ಅರ್ಧ ಗಂಟೇಲಿ ರಸಾಯನಶಾಸ್ತ್ರ ಮುಗಿಸ್ತಾರೆ" ಎಂದು ದಾರದಕ್ಕ ಹೇಳಿದಾಗ ಬೈಂಡಿಂಗ್ ವಿಭಾಗ ಬಿದ್ದು ಬಿದ್ದು ನಗುತ್ತಿತ್ತು.

ಎಲ್ಲ ಹೀಗೇ ನಡೆದುಕೊಂಡು ಹೋಗುತ್ತಿತ್ತೋ ಏನೋ. ಅಷ್ಟರಲ್ಲಿ ಇತಿಹಾಸದ ಮೇಷ್ಟ್ರಿಗೆ ಓದುವ ಚಪಲ ಹತ್ತಿತು.

ವಿಶ್ವವಿದ್ಯಾಲಯದ ಇತಿಹಾಸದ ನಾಲ್ಕನೇ ಸಂಪುಟ ಬರೆಯುವ ಹೊಣೆ ಅವರ ತಲೆಗೆ ಬಿದ್ದಿತ್ತು. ಮೇಷ್ಟ್ರು ಒಳ್ಳೆಯವರು, ತೆಳ್ಳಗೆ, ಸದಾ ಒಂದು ಗುಂಡಿ ಹಾಕದ ಅಂಗಿ. ಅವರು ಮಾಡಿದ ಅಚಾತುರ್ಯವೆಂದರೆ ಹಿಂದಿನ ಮೂರು ಸಂಪುಟವನ್ನೂ ನಿಜವಾಗಿ ಓದಲು ಕೂತದ್ದು. ಮುದ್ರಣಾಲಯದ ಮೇಲಿನ ಅಧ್ಯಾಯ ಮೂರನೇ ಸಂಪುಟದ ಇನ್ನೂರಿಪ್ಪತ್ತೈದನೇ ಪುಟದಲ್ಲಿದೆ ಎಂದು ಪರಿವಿಡಿ ಹೇಳುತ್ತಿತ್ತು. ಲೈಬ್ರರಿಯ ಪ್ರತಿ ತೆಗೆದರೆ ಇನ್ನೂರೊಂಬತ್ತರಿಂದ ಇನ್ನೂರಿಪ್ಪತ್ತನಾಲ್ಕರ ತನಕದ ಪುಟಗಳು ಎರಡು ಸಲ ಬಂದು, ಆಮೇಲೆ ನೇರ ಇನ್ನೂರನಲವತ್ತೊಂದು. ಇನ್ನೊಂದು ಪ್ರತಿ ತೆಗೆದರು, ಅದೂ ಹಾಗೇ. ಲೈಬ್ರರಿಯ ಐದೂ ಪ್ರತಿ, ಉಪಕುಲಪತಿಗಳ ಗಾಜಿನ ಬೀರುವಿನ ಪ್ರತಿ, ಎಲ್ಲವೂ ಹಾಗೇ. ಮುದ್ರಣಾಲಯದ ಇತಿಹಾಸವೇ ಇಲ್ಲದ ಮುದ್ರಣಾಲಯದ ಪುಸ್ತಕ.

ಮೇಷ್ಟ್ರು ಏದುಸಿರು ಬಿಡುತ್ತಾ ಮುದ್ರಣಾಲಯಕ್ಕೆ ಬಂದು, ಬೇರೆ ಯಾವುದಾದರೂ ಪ್ರತಿ ಇದೆಯೇ ಎಂದು ವಿಚಾರಿಸಿದರು. ಅವತ್ತು ಶನಿವಾರ, ದಾರದಕ್ಕ ಕಣ್ಣಿನ ಪರೀಕ್ಷೆಗೆ ಅತ್ತೆಯನ್ನು ಕರೆದುಕೊಂಡು ಹೋಗಿದ್ದಳು. ಸಿಕ್ಕಿದ್ದು ಅವಳ ಗಂಡ. ಕಾಗದ ಕತ್ತರಿಸುವ ಯಂತ್ರ ನಡೆಸುವ ಈ ಮನುಷ್ಯ ಯಾರಿಗೂ ಇಲ್ಲ ಎಂದವನಲ್ಲ. ಅವನ ತರ್ಕ ನೇರವಾಗಿತ್ತು. ಮನೆಯಲ್ಲಿ ಇರುವುದೆಲ್ಲ ಡಮ್ಮಿ, ಆದರೆ ಮೂರನೆಯದನ್ನು ಅಮ್ಮ ಯಾರಿಗೂ ಮುಟ್ಟಗೊಡುವುದಿಲ್ಲ, ಆದ್ದರಿಂದ ಅದು ಅಸಲಿಯೇ ಇರಬೇಕು. ಮನೆಗೆ ಹೋಗಿ ತೆಗೆದ. ಪುಸ್ತಕ ತಾನಾಗಿ ನಡುವೆ ತೆರೆದುಕೊಂಡಿತು, ಅಲ್ಲಿ ಅಚ್ಚಾದ ಪುಟ ಕಂಡಿತು. ತನ್ನ ಬುದ್ಧಿಗೆ ತಾನೇ ತಲೆದೂಗಿ ಮೇಷ್ಟ್ರ ಕೈಗೆ ಕೊಟ್ಟು ಬಂದ.

ಭಾನುವಾರ ಬೆಳಿಗ್ಗೆ ಅತ್ತೆ ಹೊಸ ಸಸ್ಯಶಾಸ್ತ್ರದ ಮೊದಲ ಪ್ರತಿಯನ್ನು ಹದಿನಾರು ಹದಿನಾರು ಪುಟ ಸರಿಸಿ ಮುಗಿಸಿ, ಗೋಡೆಯ ಕಡೆ ಹೋದರು. ಎರಡನೇ ಸಂಪುಟದ ಪಕ್ಕ ಒಂದು ಖಾಲಿ ಸಂದು. ಅವರು ಆ ಸಂದಿನೊಳಗೆ ಕೈ ಹಾಕಿ ನೋಡಿದರು. ಆಮೇಲೆ ಬಂದು ಕುರ್ಚಿಯಲ್ಲಿ ಕೂತರು. ಮಧ್ಯಾಹ್ನ ತಟ್ಟೆ ಇಟ್ಟರೆ ಹಸಿವಿಲ್ಲ ಎಂದರು.

ಗಂಡ ನಗುನಗುತ್ತಾ ತನ್ನ ಪರೋಪಕಾರ ವಿವರಿಸಿದಾಗ ದಾರದಕ್ಕ ತಲೆ ಚಚ್ಚಿಕೊಂಡಳು. ನಿಮ್ಮ ತಲೆಯೊಳಗೆ ಇರುವುದು ಡಮ್ಮಿಯೇ ಎಂದು ಅವನಿಗೆ ಬೇಕಾದಷ್ಟು ಮಂಗಳಾರತಿ ಮಾಡಿದಳು. ಆದರೆ ಮಾಡಿ ಏನು ಬಂತು? ಮೂವತ್ತೊಂದು ವರ್ಷ ಅತ್ತೆ ತನ್ನ ಬಗ್ಗೆ ಬರೆದದ್ದೆಲ್ಲ ಈಗ ಒಬ್ಬ ಇತಿಹಾಸಕಾರರ ಮೇಜಿನ ಮೇಲಿದೆ. ಅವರೋ ಕಾಗದದ ಚೂರು ಸಿಕ್ಕಿದರೂ ಬಿಡದೆ ಓದುವವರು. ನಾಲ್ಕನೇ ಸಂಪುಟದಲ್ಲಿ ಅಡಿಟಿಪ್ಪಣಿ ಬೀಳುತ್ತದೆ: ಸೊಸೆ ಸೋಮಾರಿ, ನೋಡಿ ಪುಟ ಇಷ್ಟು. ಸೊಸೆಗೆ ಬಾಯಿ ಜೋರು, ನೋಡಿ ಪುಟ ಅಷ್ಟು. ಅದನ್ನು ತಾನೇ ಕೂತು ಐನೂರು ಪ್ರತಿ ಹೊಲಿಯಬೇಕು. ನಗೆಪಾಟಲು ಒಂದು ಕಡೆ ಇರಲಿ, ಅವಳಿಗೆ ಒಳಗೊಳಗೆ ಚುಚ್ಚುತ್ತಿದ್ದದ್ದು ಬೇರೆ. ಇಷ್ಟು ವರ್ಷ ಒಂದೇ ಸೂರಿನ ಕೆಳಗೆ ಇದ್ದ ಹೆಂಗಸು ತನ್ನ ಬಗ್ಗೆ ನಿಜವಾಗಿ ಏನಂದುಕೊಂಡಿದ್ದಾರೆ ಎಂಬುದು ಪರರಿಗೆ ಮೊದಲು ತಿಳಿಯುತ್ತದೆ, ತನಗೆ ಆಮೇಲೆ.

ಸೋಮವಾರ ಬೆಳಿಗ್ಗೆಯೂ ಅತ್ತೆ ಒಂದು ಲೋಟ ಹಾಲಿನಲ್ಲೇ ಮುಗಿಸಿದರು. ಊಟದ ಬಿಡುವಿಗೆ ಗಂಟೆ ಬಾರಿಸಿದ್ದೇ ತಡ, ದಾರದಕ್ಕ ಅಂಟಿನ ಕೈ ತೊಳೆಯದೆಯೇ ಇತಿಹಾಸ ವಿಭಾಗದ ಮೆಟ್ಟಿಲು ಹತ್ತಿದಳು.

ಮೇಷ್ಟ್ರ ಕೋಣೆಯಲ್ಲಿ ಕೂರಲು ಇದ್ದ ಎರಡು ಕುರ್ಚಿಯ ಮೇಲೂ ಕಾಗದ ಕೂತಿತ್ತು. ಅವರು ಒಂದನ್ನು ಎಬ್ಬಿಸಿ ಅವಳಿಗೆ ಜಾಗ ಮಾಡಿಕೊಟ್ಟರು. ಮುಖ ಬೆಳಗುತ್ತಿತ್ತು. ಇಡೀ ಜಗತ್ತಿನಲ್ಲಿ ಎಲ್ಲೂ ಇಲ್ಲದ ಹದಿನಾರು ಪುಟ ನಿಮ್ಮ ಮನೆಯ ಗೋಡೆಯಲ್ಲಿತ್ತು ಎಂದು ಕೈ ಕೈ ತಿಕ್ಕಿಕೊಂಡರು. ಈ ಪುಟಗಳನ್ನು ಹನ್ನೊಂದು ಜನ ವಿದ್ವಾಂಸರು ತಮ್ಮ ಪುಸ್ತಕಗಳಲ್ಲಿ ಉಲ್ಲೇಖಿಸಿದ್ದಾರಂತೆ. ಮೊದಲನೆಯವರು ಕರಡು ನೋಡಿದ್ದರಂತೆ, ಉಳಿದ ಹತ್ತು ಜನ ಒಬ್ಬರನ್ನು ನೋಡಿ ಒಬ್ಬರು ಬರೆದುಕೊಂಡವರು. ಅಂತೂ ಇಲ್ಲದ ಪುಟಕ್ಕೆ ಅಷ್ಟೊಂದು ಮರ್ಯಾದೆ ಸಿಕ್ಕಿತ್ತು. ಹಾಗಾದರೆ ಅದರಲ್ಲಿ ಏನಿದೆ ಎಂದು ದಾರದಕ್ಕ ಕೇಳಿದಳು. ಮೊದಲ ಯಂತ್ರ ಬಂದದ್ದು, ಎರಡನೆಯದು ಬಂದದ್ದು, ಮ್ಯಾನೇಜರುಗಳ ಭಾವಚಿತ್ರ, ಅಷ್ಟೆ ಎಂದರು ಮೇಷ್ಟ್ರು. ಬೈಂಡಿಂಗ್ ಬಗ್ಗೆ ಒಂದು ವಾಕ್ಯ: ಬೈಂಡಿಂಗ್ ವಿಭಾಗವೂ ಇದೆ.

"ಅಚ್ಚಾಗಿರೋದು ಬಿಡಿ" ಎಂದಳು ದಾರದಕ್ಕ. "ಕೈಲಿ ಬರೆದಿರೋದು?"

ಮೇಷ್ಟ್ರು ಅಂಗಿಯ ಗುಂಡಿ ಹಾಕಿಕೊಂಡರು. "ಅದು ಮನೆ ವಿಷಯ ಅಂತ ಗೊತ್ತಾಯ್ತು, ಮುಚ್ಚಿದೆ. ಓದಬೇಕು ಅಂತ ಆಸೆ ಆಗಲಿಲ್ಲ ಅಂದ್ರೆ ಸುಳ್ಳಾಗುತ್ತೆ."

ದಾರದಕ್ಕನಿಗೆ ಹೋದ ಜೀವ ಬಂದ ಹಾಗಾಯಿತು. ಪುಸ್ತಕ ಎತ್ತಿಕೊಂಡು ಕಾಲಿಗೆ ಬುದ್ಧಿ ಹೇಳಬೇಕು ಎನ್ನುವಷ್ಟರಲ್ಲಿ ಮೇಷ್ಟ್ರು ಇನ್ನೊಂದು ಕಾಗದ ತೆಗೆದರು. ಅದು ಹಳೆಯ ಕಡತದಲ್ಲಿ ಸಿಕ್ಕಿದ, ಆಗಿನ ಮ್ಯಾನೇಜರರ ಟಿಪ್ಪಣಿ. ಸಮಾರಂಭದಲ್ಲಿ ಐನೂರು ಪ್ರತಿ ಹಂಚಿಯಾದ ಮೇಲೆ ಹದಿನೈದನೇ ಫಾರಂ, ಅಂದರೆ ಆ ಹದಿನಾರು ಪುಟದ ಮಡಿಕೆ, ಒಂದು ಪ್ರತಿಗೂ ಸೇರಿಲ್ಲ ಎಂದು ತಿಳಿದುಬಂದಿದೆ. ಉಳಿದ ಕಾಗದವನ್ನೆಲ್ಲ ಕೂಡಲೇ ರದ್ದಿಗೆ ಹಾಕಿಸಿ, ವಿಷಯ ಹೊರಗೆ ಹೋಗಬಾರದು. ಬದಿಯಲ್ಲಿ ಕೆಂಪು ಶಾಯಿಯಲ್ಲಿ, ಅಷ್ಟು ದೂರ ಓದುವವರು ಯಾರು ಎಂದು ಬರೆದಿತ್ತು. ಮೂವತ್ತೊಂದು ವರ್ಷ ಆ ಮನುಷ್ಯನ ಮಾತು ಸುಳ್ಳಾಗಿರಲಿಲ್ಲ. ಕೊನೆಗೆ ಒಂದು ಸಾಲು: ತಪ್ಪು ತನ್ನದೆಂದು ಒಪ್ಪಿಕೊಂಡ, ಹೆಡ್ ಬೈಂಡರರ ಪತ್ನಿಯನ್ನು ಹೊಲಿಗೆಯ ಕೆಲಸದಿಂದ ತೆಗೆಯಲಾಗಿದೆ.

ದಾರದಕ್ಕ ಆ ಸಾಲನ್ನು ಎರಡು ಸಲ ಓದಿದಳು. ಅತ್ತೆ ಕೆಲಸ ಬಿಟ್ಟದ್ದಲ್ಲ, ಬಿಡಿಸಿದ್ದು. ಅದೂ ತಪ್ಪಿಗಾಗಿ. ಅತ್ತೆ ಮತ್ತು ಹೊಲಿಗೆಯಲ್ಲಿ ತಪ್ಪು, ಈ ಎರಡು ಮಾತು ಒಂದರ ಪಕ್ಕ ಒಂದು ಕೂರುವುದೇ ಇಲ್ಲ. ಅವರು ಹೊಲಿದ ಪುಸ್ತಕಗಳು ಇವತ್ತಿಗೂ ಲೈಬ್ರರಿಯಲ್ಲಿ ಒಂದು ಎಳೆ ಸಡಿಲವಾಗದೆ ನಿಂತಿವೆ.

ನಾಲ್ಕನೇ ಸಂಪುಟದಲ್ಲಿ ಇದನ್ನು ಬರೆಯಲೇಬೇಕಾಗುತ್ತದೆ, ಪುಟಗಳು ಯಾಕೆ ಇಲ್ಲ ಎಂದು ಜನಕ್ಕೆ ಹೇಳಬೇಕಲ್ಲ ಎಂದರು ಮೇಷ್ಟ್ರು. ಆದರೆ ಬದುಕಿರುವವರ ವಿಷಯ, ನಿಮ್ಮ ಅತ್ತೆಯವರನ್ನು ಒಂದು ಮಾತು ಕೇಳಿ ಎಂದು ಮೆಲ್ಲಗೆ ಸೇರಿಸಿದರು. ಆಮೇಲೆ, ಅವಳ ಮುಖ ನೋಡಿಯೋ ಏನೋ, ಚಹಾದ ಲೋಟ ತೊಳೆಯುವ ನೆಪ ಹಿಡಿದು ಹೊರಗೆ ಹೋದರು.

ಕಾಯಿದೆ ಮುರಿಯುವುದಕ್ಕೆ ದಾರದಕ್ಕ ಹೆಚ್ಚು ಹೊತ್ತು ತೆಗೆದುಕೊಳ್ಳಲಿಲ್ಲ. ಪುಸ್ತಕ ತಾನಾಗಿಯೇ ನಡುವೆ ತೆರೆದುಕೊಂಡಿತು. ಅಚ್ಚಾದ ಆ ಒಂದು ಫಾರಂ ಡಮ್ಮಿ ಕಟ್ಟಿ ಮುಗಿದ ಮೇಲೆ ಬಿಚ್ಚಿ ಸೇರಿಸಿದ್ದು ಎಂದು ಅವಳ ಬೆರಳಿಗೆ ತಕ್ಷಣ ತಿಳಿಯಿತು. ಹೊಲಿಗೆ ಅತ್ತೆಯದೇ, ಸಣ್ಣ, ಬಿಗಿ. ಅದರ ಎದುರಿನ ಹಾಳೆಯಲ್ಲಿ ಪೆನ್ಸಿಲ್ಲಿನ ಅಕ್ಷರ.

"ಸಮಾರಂಭ ಆಯಿತು. ಐನೂರೂ ಹಂಚಿದರು. ಮೇಜಿನ ಕೆಳಗೆ ಗುಡಿಸುವಾಗ ಹದಿನೈದರ ಕಟ್ಟು ಸಿಕ್ಕಿತು, ಬಿಚ್ಚೇ ಇಲ್ಲ. ಹದಿನಾಲ್ಕು ತಪ್ಪಿ ಎರಡು ಸಲ ಅಚ್ಚಾಗಿತ್ತು, ಆ ಎರಡು ಕಟ್ಟೂ ಮೇಜಿಗೆ ಏರಿದೆ. ಜೋಡಿಸಿದ್ದು ಹುಡುಗಿ. ಬಂದು ಹನ್ನೊಂದು ದಿನ. ಎಷ್ಟು ಖುಷಿಯಿಂದ ಓಡೋಡಿ ಜೋಡಿಸಿದಳು. ನಾನು ಒಂದು ಸಲ ಪುಟ ನೋಡಬೇಕಿತ್ತು, ನೋಡಲಿಲ್ಲ. ಒಬ್ಬರನ್ನು ತೆಗೆಯಲೇಬೇಕು ಅಂದರು ಮ್ಯಾನೇಜರ್. ನಾನೇ ಮಾಡಿದ್ದು ಅಂದೆ. ಇವರು ನನ್ನ ಮುಖ ನೋಡಿದರು, ಏನೂ ಹೇಳಲಿಲ್ಲ. ನಾನು ಇಪ್ಪತ್ತೆರಡು ವರ್ಷ ಹೊಲಿದಿದ್ದೇನೆ. ಅವಳಿಗೆ ಈಗಷ್ಟೇ ಕೈ ಕುದುರುತ್ತಿದೆ. ಹೇಳಿದರೆ ಇನ್ನು ಸೂಜಿ ಹಿಡಿದಾಗಲೆಲ್ಲ ಕೈ ನಡುಗುತ್ತದೆ. ಹೇಳಬಾರದು. ಇನ್ನು ಮೇಲೆ ಯಾವ ಪುಸ್ತಕವಾದರೂ ಮೊದಲ ಪ್ರತಿ ಮನೆಗೆ ತರಬೇಕು ಅಂತ ಇವರಿಗೆ ಹೇಳಿದ್ದೇನೆ. ಹೊರಗೆ ಹೋಗುವ ಮುಂಚೆ ನಾನು ನೋಡುತ್ತೇನೆ."

ದಾರದಕ್ಕನಿಗೆ ಆ ದಿನ ನೆನಪಿತ್ತು. ಉದ್ದ ಮೇಜಿನ ಸುತ್ತ ಫಾರಂಗಳ ರಾಶಿ, ಒಂದೊಂದರಿಂದ ಒಂದೊಂದು ಎತ್ತಿಕೊಳ್ಳುತ್ತಾ ಅವಳು ಸುತ್ತು ಬರುತ್ತಿದ್ದಳು. ಇದೇನು ಮಹಾ ವಿದ್ಯೆ ಎಂದು ಒಳಗೊಳಗೇ ಬೀಗಿದ್ದಳು. ಅತ್ತೆ ಸೂಜಿ ಹಿಡಿದು ಕೂತಲ್ಲಿಂದ ನೋಡಿ ನಕ್ಕಿದ್ದರು. ಅತ್ತೆ ಹಾಗೆ ನಕ್ಕದ್ದನ್ನು ಮತ್ತೆ ಅವಳು ಕಂಡಿರಲಿಲ್ಲ.

ಮುಂದಿನ ಹಾಳೆ ತಿರುಗಿಸಿದಳು. ಸುಟ್ಟ ಪಾತ್ರೆ ಇರಲಿಲ್ಲ, ತವರಿನ ಎರಡು ದಿನವೂ ಇರಲಿಲ್ಲ. ಒಂದು ಪಟ್ಟಿ ಇತ್ತು. ಭೂಗೋಳ, ಹನ್ನೆರಡು ಫಾರಂ, ಸರಿ. ಕ್ಷೇತ್ರಗಣಿತ, ಒಂಬತ್ತು ಫಾರಂ, ಸರಿ. ತರ್ಕಶಾಸ್ತ್ರ, ಹದಿನೇಳು, ಸರಿ. ಇನ್ನೊಂದು ಹಾಳೆ, ಮತ್ತೊಂದು. ಮಾವ ತೀರಿಕೊಂಡ ವಾರದಲ್ಲೂ ಎರಡು ಪುಸ್ತಕ, ಸರಿ, ಸರಿ. ನಡುವೆ ಎಲ್ಲೋ ಒಂದು ಕಡೆ, ಕಾನೂನಿನ ಪುಸ್ತಕ, ಏಳನೇ ಫಾರಂ ತಲೆಕೆಳಗು, ಹೇಳಿದೆ. ಆ ದಿನವೂ ಅವಳಿಗೆ ನೆನಪಿತ್ತು. ಆ ಏಳನೆಯದನ್ನು ಒಂದು ಸಲ ನೋಡು ಎಂದು ಅತ್ತೆ ಬೇರೆ ಕಡೆ ಮುಖ ಮಾಡಿ ಅಂದಿದ್ದರು. ಕೂತು ತಿನ್ನುವವರಿಗೆ ಹುಳುಕು ಹುಡುಕುವುದೇ ಕೆಲಸ ಎಂದು ತಾನು ಅಡುಗೆಮನೆಯಲ್ಲಿ ಪಾತ್ರೆ ಕುಕ್ಕಿದ್ದಳು. ಮತ್ತೆ ಸರಿ, ಸರಿ. ಮೂವತ್ತೊಂದು ವರ್ಷ, ಆರುನೂರಕ್ಕೂ ಮೇಲೆ ಪುಸ್ತಕ. ಅಕ್ಷರ ವರ್ಷದಿಂದ ವರ್ಷಕ್ಕೆ ಸ್ವಲ್ಪ ದೊಡ್ಡದಾಗುತ್ತಾ, ಸೊಟ್ಟಗಾಗುತ್ತಾ ಬಂದಿತ್ತು. ದಾರದಕ್ಕ ಅಂಟು ಹತ್ತಿದ ಕೈಯಿಂದಲೇ ಕಣ್ಣು ಒರೆಸಿಕೊಂಡಳು, ಆಮೇಲೆ ರೆಪ್ಪೆ ಬಿಡಿಸಿಕೊಳ್ಳಲು ಒದ್ದಾಡಿದಳು.

ಮೇಷ್ಟ್ರು ಬಾಗಿಲಲ್ಲಿ ಕೆಮ್ಮಿ ಒಳಗೆ ಬಂದರು.

"ಆ ತಪ್ಪು ಅತ್ತೇದಲ್ಲ" ಎಂದಳು ದಾರದಕ್ಕ. "ಆ ಫಾರಂ ಬಿಟ್ಟೋಳು ನಾನು. ಹಾಗೇ ಬರೀರಿ."

ಮೇಷ್ಟ್ರು ಪೆನ್ನು ಹುಡುಕಿದರು, ಸಿಕ್ಕಿದ ಮೇಲೂ ಬರೆಯಲಿಲ್ಲ. ಕಡತದಲ್ಲಿ ಹೀಗಿದೆ, ಇನ್ನೊಂದು ರೀತಿ ಬರೆಯಲು ಆಧಾರ ಬೇಕು ಎಂದರು. ಆಧಾರ ಈ ಪುಸ್ತಕದಲ್ಲಿದೆ, ಆದರೆ ಅದನ್ನು ತೋರಿಸಲು ಮನೆಯಲ್ಲಿ ಅಪ್ಪಣೆಯಿಲ್ಲ, ಮಾಡಿದವಳೇ ಎದುರು ಕೂತು ಹೇಳುತ್ತಿದ್ದರೆ ಸಾಲದೇ ಎಂದು ಅವಳು ಕೇಳಿದಳು. ಅವರು ಕನ್ನಡಕ ತೆಗೆದು ಒರೆಸಿದರು.

"ನೀವೀಗ ಆ ವಿಭಾಗಕ್ಕೇ ಯಜಮಾನಿ. ಒಂದ್ಸಲ ಅಚ್ಚಾದ್ರೆ ಶಾಶ್ವತವಾಗಿ ಉಳಿಯುತ್ತೆ, ಯೋಚನೆ ಮಾಡಿ."

"ಉಳೀಲಿ ಬಿಡಿ ಮೇಷ್ಟ್ರೇ. ಅಷ್ಟು ದೂರ ಓದೋರು ಯಾರು?"

ಹದಿನಾರು ಪುಟಗಳನ್ನು ಜೆರಾಕ್ಸ್ ಮಾಡಿಕೊಂಡು ಮೇಷ್ಟ್ರು ಪುಸ್ತಕವನ್ನು ಎರಡೂ ಕೈಯಲ್ಲಿ ಹಿಡಿದು ಹಿಂತಿರುಗಿಸಿದರು. ದಾರದಕ್ಕ ಆ ಮಧ್ಯಾಹ್ನ ರಜೆ ಬರೆದುಕೊಟ್ಟು ನೇರ ಮನೆಗೆ ಹೋದಳು. ನಿಮ್ಮ ಮಗ ಗೊತ್ತಿಲ್ಲದೆ ಕೊಟ್ಟಿದ್ದರು, ತಂದಿದ್ದೇನೆ ಎಂದಷ್ಟೇ ಹೇಳಿ ಮಡಿಲಲ್ಲಿಟ್ಟಳು. ಅತ್ತೆ ಪುಸ್ತಕದ ಬೆನ್ನು ಸವರಿದರು, ಮೂಲೆಗಳನ್ನು ಮುಟ್ಟಿ ನೋಡಿದರು, ಆಮೇಲೆ ಪೆನ್ಸಿಲ್ ಕೇಳಿ ಕೊನೆಯ ಹಾಳೆಯ ಕಡೆ ಏನೋ ಬರೆದರು. ಸಸ್ಯಶಾಸ್ತ್ರ ಎಂದು ದಾರದಕ್ಕನಿಗೆ ಗೊತ್ತಾಯಿತು. ಬರೆದು ಮುಗಿಸಿ, ತಟ್ಟೆ ಹಾಕು ಎಂದರು.

ದಾರದಕ್ಕ ಮಾತಿನ ಬದಲು ಸೌಟಿಗೆ ಕೆಲಸ ಕೊಟ್ಟಳು. ಮೂರನೇ ಸಲ ಬಡಿಸಲು ಬಂದಾಗ ಅತ್ತೆ ತಟ್ಟೆಗೆ ಕೈ ಅಡ್ಡ ಹಿಡಿದು, ಎರಡು ದಿನ ತಿನ್ನದಿದ್ದರೆ ಎರಡು ದಿನದ್ದು ಒಟ್ಟಿಗೆ ತಿನ್ನಬೇಕೆಂದು ಇದೆಯೇ ಎಂದು ಕೇಳಿದರು.

ಆಮೇಲೆ ಮುದ್ರಣಾಲಯದಲ್ಲಿ ಮಹಾರಾಣಿಯ ಕಥೆ ಯಾರಿಗೂ ಕೇಳಿಸಲಿಲ್ಲ. ಹೊಸದಾಗಿ ಸೇರಿದವರ ಮುಂದೆ ಹಳಬರು ಒತ್ತಾಯಿಸಿದರೆ ಮರೆತುಹೋಯಿತು ಎಂದು ದಾರದಕ್ಕ ಸೂಜಿಗೆ ದಾರ ಪೋಣಿಸುತ್ತಿದ್ದಳು.

ಐದು ತಿಂಗಳಿಗೆ ನಾಲ್ಕನೇ ಸಂಪುಟ ಅಚ್ಚಾಯಿತು. ಫಾರಂ ಜೋಡಿಸಲು ಬೇಕಾದಷ್ಟು ಜನರಿದ್ದರೂ ದಾರದಕ್ಕ ತಾನೇ ಮೇಜಿನ ಸುತ್ತ ನಡೆದಳು. ಒಂದು ಸುತ್ತಿಗೆ ಬೇರೆಯವರ ಎರಡರಷ್ಟು ಹೊತ್ತು. ಮೇಜಿನ ಕೆಳಗೆ ಬಗ್ಗಿ ಬಗ್ಗಿ ನೋಡುವುದನ್ನು ಕಂಡು, ಏನು ಕಳೆದುಕೊಂಡೆಯೇ ಎಂದು ಅವಳ ಗಂಡ ಕತ್ತರಿಸುವ ಯಂತ್ರದ ಬಳಿಯಿಂದ ಕೂಗಿ ಕೇಳಿದ. ಇಡೀ ವಿಷಯ ಅವನಿಗೆ ಯಾರೂ ಹೇಳಿರಲಿಲ್ಲ. ಹೇಳಿದರೆ ಸಂಜೆಯೊಳಗೆ ಊರಿಗೆಲ್ಲ ತಿಳಿಯುತ್ತಿತ್ತು.

ಭಾನುವಾರ ಬೆಳಿಗ್ಗೆ ಮೊದಲ ಪ್ರತಿ ಅತ್ತೆಯ ಮಡಿಲಿಗೆ ಬಂತು. ಕಿಟಕಿಯ ಬಿಸಿಲು ಚೆನ್ನಾಗಿತ್ತು. ಅತ್ತೆ ಹದಿನಾರು, ಮತ್ತೆ ಹದಿನಾರು ಎಂದು ಸರಿಸುತ್ತಾ ಹೋದರು. ದಾರದಕ್ಕ ಎದುರಿಗೆ ಕೂತು ಕೈಯಲ್ಲೊಂದು ಬಟ್ಟೆ ಹಿಡಿದು ಮಡಿಸುತ್ತಾ, ಬಿಚ್ಚುತ್ತಾ, ಮತ್ತೆ ಅದನ್ನೇ ಮಡಿಸುತ್ತಾ ಇದ್ದಳು. ಮುದ್ರಣಾಲಯದ ಅಧ್ಯಾಯಕ್ಕೆ ಬಂದಾಗ ಅತ್ತೆಯ ಕೈ ನಿಂತಿತು. ಅಲ್ಲಿ ಅವರ ಹೆಸರಿತ್ತು. ಅವರು ಭೂತಗನ್ನಡಿ ತೆಗೆದುಕೊಂಡು, ಅವಳು ಕಂಡಂತೆ ಮೊದಲ ಸಲ ಮುದ್ರಣಾಲಯದ ಒಂದು ಪುಸ್ತಕವನ್ನು ಓದಿದರು. ಮೂರನೇ ಸಂಪುಟದಲ್ಲಿ ಹದಿನೈದನೇ ಫಾರಂ ಬಿಟ್ಟುಹೋದದ್ದು ಈಗಿನ ಬೈಂಡಿಂಗ್ ವಿಭಾಗದ ಮುಖ್ಯಸ್ಥೆಯ ಕೈತಪ್ಪಿನಿಂದ ಎಂದು ಮೇಷ್ಟ್ರು ಬರೆದಿದ್ದರು. ಅದನ್ನು ತಮ್ಮ ಮೇಲೆ ಹಾಕಿಕೊಂಡು ಕೆಲಸ ಕಳೆದುಕೊಂಡವರು ಅವರ ಅತ್ತೆ, ಈ ಮುದ್ರಣಾಲಯದಲ್ಲಿ ಅವರು ಇಪ್ಪತ್ತೆರಡು ವರ್ಷ ಪುಸ್ತಕ ಹೊಲಿದರು ಎಂದೂ ಇತ್ತು.

ಅತ್ತೆ ಭೂತಗನ್ನಡಿ ಕೆಳಗಿಟ್ಟರು. "ಓದಿದೀಯ ಹಾಗಾದ್ರೆ."

"ಒಂದೇ ಪುಟ" ಎಂದಳು ದಾರದಕ್ಕ.

ಅತ್ತೆ ಪೆನ್ಸಿಲ್ ಚೂಪು ಮಾಡತೊಡಗಿದರು.

"ಎಲ್ಲಾ ಪುಟ."

ಬೀದಿಯಲ್ಲಿ ಯಾರೋ ಸೈಕಲ್ ಗಂಟೆ ಬಾರಿಸಿಕೊಂಡು ಹೋದರು. ಅತ್ತೆ ಕಿಟಕಿಯ ಹೊರಗೆ ನೋಡುತ್ತಾ ಕೇಳಿದರು. "ಕೈ ನಡುಗ್ತಾ?"

"ಈ ಪುಸ್ತಕಕ್ಕೆ ಮಾತ್ರ ನಡುಗ್ತು."

ಅತ್ತೆ ಹೂಂ ಎಂದು ತಲೆಯಾಡಿಸಿದರು. ಗೋಡೆಯಿಂದ ಮೂರನೇ ಸಂಪುಟ ತರಲು ಹೇಳಿದರು. ದಾರದಕ್ಕ ತಂದು ಕೊಡಹೋದರೆ ತೆಗೆದುಕೊಳ್ಳಲಿಲ್ಲ, ಪೆನ್ಸಿಲ್ಲನ್ನೂ ಅವಳ ಕೈಗೇ ಕೊಟ್ಟರು. ಸಾಲು ನೇರ ಬರುವುದಿಲ್ಲ ಈಗ, ನೀನೇ ಬರಿ ಎಂದರು. ದಾರದಕ್ಕ ನೆಲದ ಮೇಲೆ ಕೂತು, ಮೊಣಕಾಲ ಮೇಲೆ ಪುಸ್ತಕ ಇಟ್ಟುಕೊಂಡು, ಸಸ್ಯಶಾಸ್ತ್ರದ ನಂತರದ ಪುಸ್ತಕಗಳನ್ನೆಲ್ಲ ದಾಟಿ ಖಾಲಿ ಸಾಲಿಗೆ ಬಂದಳು. ಇತಿಹಾಸ, ಸಂಪುಟ ನಾಲ್ಕು, ಇಪ್ಪತ್ತಾರು ಫಾರಂ ಎಂದು ಬರೆದಳು. ಅಲ್ಲಿಗೆ ಪೆನ್ಸಿಲ್ ನಿಲ್ಲಿಸಿದಳು.

ಮುಂದೆ ಬರಿ ಎಂದರು ಅತ್ತೆ.

"ಅದನ್ನ ನೀವು ಹೇಳ್ಬೇಕು."

ಅತ್ತೆ ನಾಲ್ಕನೇ ಸಂಪುಟವನ್ನು ಮತ್ತೆ ತೆರೆದರು. ಓದಲು ನಿಂತು ಲೆಕ್ಕ ತಪ್ಪಿತ್ತೋ ಏನೋ, ಮೊದಲ ಪುಟದಿಂದ ಶುರುಮಾಡಿದರು. ಹದಿನಾರು, ಮತ್ತೆ ಹದಿನಾರು, ತುಟಿಯಲ್ಲೇ ಎಣಿಸುತ್ತಾ, ಎಲ್ಲೂ ಅವಸರವಿಲ್ಲದೆ. ಹದಿನೈದನೆಯದಕ್ಕೆ ಬಂದಾಗ ಹೆಬ್ಬೆರಳಿನಿಂದ ಮಡಿಕೆಯನ್ನು ಒಂದು ಸಲ ಒತ್ತಿ ನೋಡಿ ಮುಂದೆ ಹೋದರು. ದಾರದಕ್ಕ ಪೆನ್ಸಿಲ್ ಹಿಡಿದು ಕಾದಳು. ಕೊನೆಯ ಹಾಳೆ ಮಗುಚಿ, ಪುಸ್ತಕ ಮುಚ್ಚಿ, ಅತ್ತೆ ಅದರ ಮೇಲೆ ಅಂಗೈ ಇಟ್ಟರು.

"ಸರಿ" ಎಂದರು.

ಮೂವತ್ತೊಂದು ವರ್ಷದಲ್ಲಿ ಅತ್ತೆ ಅದನ್ನು ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. ದಾರದಕ್ಕ ಬರೆದುಕೊಂಡಳು.